ಸಾಧಕರ ಕುರ್ಚಿಯೂ ನೀಲಿ ಚೀಟಿಗಳೂ

ಸೋಮವಾರಪೇಟೆಯ ಮಳೆಗಾಲದಲ್ಲಿ ತೋಟದ ಕೆಲಸ ನಿಂತರೆ ಉಳಿಯುವುದು ಟಿವಿ. ಮಳೆ ಬಿರುಸಾದರೆ ಅದೂ ಕೈಕೊಡುತ್ತದೆ. ಹಾಗಾಗಿ ಈ ಸಲ ಎರಡು ಸಂದರ್ಶನ ಕಾರ್ಯಕ್ರಮಗಳ ಹಳೆಯ ಕಂತುಗಳನ್ನು ಮೊಬೈಲಿನಲ್ಲಿ ಹಾಕಿಕೊಂಡು ಅಮ್ಮನ ಜೊತೆ ಕುಳಿತು ನೋಡಿದೆ: ಜೀ ಕನ್ನಡದ ‘ವೀಕೆಂಡ್ ವಿತ್ ರಮೇಶ್’, ಅಮೆರಿಕದ ‘ಇನ್‌ಸೈಡ್ ದಿ ಆ್ಯಕ್ಟರ್ಸ್ ಸ್ಟುಡಿಯೋ’.

ಮೊದಲನೆಯದು ನಮ್ಮ ಮನೆಗೆ ಹಳೆಯ ನೆಂಟ. 2014ರ ಆಗಸ್ಟ್‌ನಲ್ಲಿ ಪುನೀತ್ ರಾಜ್‌ಕುಮಾರ್ ಮೊದಲ ಅತಿಥಿಯಾಗಿ ಬಂದಾಗ ಅಮ್ಮ ಒಲೆಯ ಮೇಲಿನ ಸಾರನ್ನೇ ಮರೆತಿದ್ದರು. ನಡೆಸಿಕೊಡುವ ರಮೇಶ್ ಅರವಿಂದ್ ಸ್ವತಃ ನಟ, ನಿರ್ದೇಶಕ, ಎದುರಿಗಿರುವವರನ್ನು ಅವಸರಪಡಿಸುವುದಿಲ್ಲ. ಸಾಧಕರ ಕುರ್ಚಿಯಲ್ಲಿ ಕುಳಿತವರ ಮುಂದೆ ಬಾಲ್ಯದ ಗೆಳೆಯರು, ಒಡಹುಟ್ಟಿದವರು, ಶಾಲೆಯ ಮೇಷ್ಟ್ರು ಒಬ್ಬೊಬ್ಬರಾಗಿ ಬರುತ್ತಾರೆ. ಮೇಷ್ಟ್ರು ಬಂದರೆ ಅಮ್ಮನ ಸೆರಗು ಕಣ್ಣಿಗೆ ಹೋಯಿತೆಂದೇ ಲೆಕ್ಕ. ಸುಳ್ಳೇಕೆ, ನನಗೂ ಗಂಟಲು ಕಟ್ಟುತ್ತದೆ. ನಟರಿಗಾದರೆ ಇದೇ ಸರಿ. ಆದರೆ ನಿರ್ದೇಶಕರು ಬಂದ ದಿನ ನನಗೆ ಅರೆಹೊಟ್ಟೆ. ಅವರು ಪಟ್ಟ ಪಾಡೆಲ್ಲ ತಿಳಿಯುತ್ತದೆ. ಕ್ಯಾಮೆರಾವನ್ನು ಅಲ್ಲೇ ಏಕೆ ಇಟ್ಟರು ಎಂಬುದು ತಿಳಿಯುವುದಿಲ್ಲ.

ಎರಡನೆಯದರಲ್ಲಿ, ಅಂದರೆ ಜೇಮ್ಸ್ ಲಿಪ್ಟನ್ 1994ರಲ್ಲಿ ಆರಂಭಿಸಿ ತಾವೇ ನಡೆಸಿಕೊಟ್ಟ ಅಮೆರಿಕದ ಕಾರ್ಯಕ್ರಮದಲ್ಲಿ, ನೆಂಟರಿಷ್ಟರ ಮೆರವಣಿಗೆ ಇಲ್ಲ. ಎದುರಿಗೆ ನಟನೆ ಕಲಿಯುವ ವಿದ್ಯಾರ್ಥಿಗಳು, ಮೇಜಿನ ಮೇಲೆ ನೀಲಿ ಚೀಟಿಗಳ ಕಟ್ಟು. ಲಿಪ್ಟನ್ನರ ಹೊಗಳಿಕೆ ಕೆಲವೊಮ್ಮೆ ಮಂಗಳಾರತಿಯ ಮಟ್ಟಕ್ಕೇರುತ್ತದೆ. ಕೊನೆಯಲ್ಲಿ ಎಲ್ಲರಿಗೂ ಕೇಳುವ ಅದೇ ಹತ್ತು ಪ್ರಶ್ನೆಗಳು ಮೂರನೇ ಕಂತಿಗೇ ನನಗೆ ಸಪ್ಪೆಯಾದವು. ಅಮ್ಮನಿಗೆ ಅವೇ ಇಷ್ಟ. ‘ನಿಮಗೆ ಪ್ರಿಯವಾದ ಸದ್ದು ಯಾವುದು’ ಎಂಬ ಪ್ರಶ್ನೆಯನ್ನು ಕನ್ನಡದಲ್ಲಿ ಹೇಳಿದ್ದೇ ತಡ, “ತಗಡಿನ ಮೇಲೆ ಹೂಮಳೆ ಬೀಳುವುದು” ಎಂದು ಅವರೇ ಉತ್ತರಿಸಿದರು. ಕಾಫಿ ಗಿಡದಲ್ಲಿ ಹೂ ಅರಳಿಸುವ ಆ ಮಳೆಗೆ ಕಾಯುವ ಬೆಳೆಗಾರರಿಗೆ ಬೇರೆ ಉತ್ತರ ಎಲ್ಲಿಂದ ಬರಬೇಕು!

ಹಾಲಿವುಡ್ ನಿರ್ದೇಶಕ ಸ್ಟೀವನ್ ಸ್ಪೀಲ್‌ಬರ್ಗ್ ಬಂದ ಕಂತನ್ನು ಎರಡು ಸಲ ನೋಡಿದೆ. ಅವರ ತಂದೆ ಕಂಪ್ಯೂಟರ್ ಎಂಜಿನಿಯರ್, ತಾಯಿ ಸಂಗೀತಗಾರ್ತಿ. ಅವರ 1977ರ ಚಿತ್ರವೊಂದರಲ್ಲಿ ಅನ್ಯಲೋಕದ ನೌಕೆ ಇಳಿದಾಗ ಮನುಷ್ಯರು ಕಂಪ್ಯೂಟರಿನಿಂದ ಸಂಗೀತ ನುಡಿಸಿ ಅದರೊಡನೆ ಮಾತಾಡುತ್ತಾರೆ. ಲಿಪ್ಟನ್ ಎರಡನ್ನೂ ಜೋಡಿಸಿ ಮುಂದಿಟ್ಟಾಗ ಸ್ಪೀಲ್‌ಬರ್ಗ್ ಬೆರಗಾಗಿ, ಇದು ತನ್ನ ಅಪ್ಪ ಅಮ್ಮನ ಕಥೆಯೆಂದು ಈ ಕ್ಷಣದವರೆಗೂ ತನಗೆ ಹೊಳೆದಿರಲಿಲ್ಲ ಎನ್ನುತ್ತಾರೆ. ರಮೇಶ್ ವೇದಿಕೆಗೆ ಕರೆಸುವ ಹೆತ್ತವರನ್ನು ಲಿಪ್ಟನ್ ದೃಶ್ಯದೊಳಗೇ ಹುಡುಕಿ ತೆಗೆದಿದ್ದರು. ನಿರ್ದೇಶಕರ ವಿಷಯಕ್ಕೆ ನನ್ನ ಓಟು ಈ ಕಡೆಗೆ.

ಇದನ್ನೆಲ್ಲ ಅಮ್ಮನಿಗೆ ಉತ್ಸಾಹದಿಂದ ವಿವರಿಸಿದೆ. ಪೂರ್ತಿ ಕೇಳಿದ ಮೇಲೆ, “ಹಾಗಿದ್ದರೆ ಅವರನ್ನೂ ಕರೆಸಬಹುದಿತ್ತಲ್ಲ?” ಎಂದರು.