ಮಿನಾಕ್ಸ್ ಬಿ: ಬೇಹುಗಾರರ ಕಿಸೆಯ ಕ್ಯಾಮೆರಾ ಇಂದು ಕೊಳ್ಳಬಹುದೇ?

ಚಂದದ ಫೋಟೊ ತೆಗೆಯುವ ಆಸೆಗೆ ಮಿನಾಕ್ಸ್ ಕೊಂಡರೆ ನಿರಾಸೆ ಗ್ಯಾರಂಟಿ. ಕಾಗದದ ನಕಲು ತೆಗೆಯುವ ಯಂತ್ರ ಎಂದುಕೊಂಡು ಕೊಂಡರೆ ಅರುವತ್ತು ವರ್ಷ ಹಳೆಯ ಈ ಚೋಟುದ್ದದ ವಸ್ತು ಇವತ್ತಿಗೂ ಬೆರಗು ಹುಟ್ಟಿಸುತ್ತದೆ. ಇದರ ನೆಗೆಟಿವ್ ಬರೀ 8×11 ಮಿ.ಮೀ., ಅಂದರೆ ಮಾಮೂಲಿ 35 ಎಂ.ಎಂ. ಫಿಲ್ಮಿನ ಒಂದು ಫ್ರೇಮಿನ ಹತ್ತನೇ ಒಂದು ಪಾಲು. ಮುಖ, ಮರ, ಮೋಡಕ್ಕೆಲ್ಲ ಅದು ಸಾಲದು. ಟೈಪ್ ಮಾಡಿದ ಹಾಳೆಗೆ ಧಾರಾಳವಾಗಿ ಸಾಕು.

ಸೋವಿಯತ್ ಗುಪ್ತಚರ ಸಂಸ್ಥೆ ಕೆಜಿಬಿ ಪಶ್ಚಿಮದ ದೇಶಗಳಲ್ಲಿದ್ದ ತನ್ನ ಜನರ ಕೈಗೆ ಇದನ್ನೇ ಕೊಟ್ಟದ್ದು ಅದಕ್ಕಾಗಿ. ಬ್ರಿಟನ್ನಿನ ಗುಪ್ತಚರ ಸಂಸ್ಥೆ ಎಂಐ6 ಒಳಗಿದ್ದ ಜಾರ್ಜ್ ಬ್ಲೇಕ್ ಕಚೇರಿಯ ಕಡತಗಳನ್ನು ಮಿನಾಕ್ಸ್‌ನಲ್ಲಿ ಸೆರೆಹಿಡಿಯುತ್ತಿದ್ದ. 1967ರಲ್ಲಿ ವಾಷಿಂಗ್ಟನ್ನಿನ ಸೋವಿಯತ್ ರಾಯಭಾರ ಕಚೇರಿಗೆ ತಾನೇ ನಡೆದುಹೋಗಿ ಗುಟ್ಟು ಮಾರಿದ ಅಮೆರಿಕನ್ ನೌಕಾಪಡೆಯ ಜಾನ್ ವಾಕರ್‌ಗೆ ಸಿಕ್ಕಿದ್ದು ಮಿನಾಕ್ಸ್ ಸಿ. ಎದುರು ಪಾಳಯದವರೂ ಇದನ್ನೇ ನೆಚ್ಚಿದ್ದರು. ಸೋವಿಯತ್ ಸೇನಾ ಗುಪ್ತಚರ ವಿಭಾಗದಲ್ಲಿದ್ದುಕೊಂಡೇ ಪಶ್ಚಿಮಕ್ಕೆ ಮಾಹಿತಿ ಕೊಡುತ್ತಿದ್ದ ಒಲೆಗ್ ಪೆಂಕೋವ್‌ಸ್ಕಿ, 1962ರಲ್ಲಿ ಸಿಕ್ಕಿಬೀಳುವ ಮೊದಲು ದಾಟಿಸಿದ್ದು 111 ಮಿನಾಕ್ಸ್ ರೋಲು. ರೋಲಿಗೆ 50 ಫ್ರೇಮಿನಂತೆ ಲೆಕ್ಕ ಹಾಕಿದರೆ ಐದು ಸಾವಿರ ಪುಟ ಮೀರುತ್ತದೆ, ಎಲ್ಲವೂ ಒಂದು ಶೂ ಪೆಟ್ಟಿಗೆಯೊಳಗೆ ಹಿಡಿಸುವಷ್ಟು.

ಹಾಗಂತ ಇದನ್ನು ಯಾರೂ ಬೇಹುಗಾರಿಕೆಗೆಂದು ಮಾಡಿದ್ದಲ್ಲ. ವಾಲ್ಟರ್ ಜಾಪ್ ಎಂಬಾತ ರೂಪಿಸಿದ, ಸದಾ ಕಿಸೆಯಲ್ಲಿರಬಲ್ಲ ಕ್ಯಾಮೆರಾ ಇದು. ಲಾಟ್ವಿಯಾದ ರಿಗಾ ನಗರದ ವಿಇಎಫ್ ಕಾರ್ಖಾನೆಯಿಂದ 1938ರ ಹೊತ್ತಿಗೆ ಮಾರುಕಟ್ಟೆಗೆ ಬಂತು. 1940ರಲ್ಲಿ ಸೋವಿಯತ್ ಸೇನೆ ಲಾಟ್ವಿಯಾವನ್ನು ನುಂಗಿದ ಮೇಲೆ ಸ್ವಲ್ಪ ಕಾಲ ಇದರ ಮೈಮೇಲೆ ‘ಮೇಡ್ ಇನ್ ಯುಎಸ್‌ಎಸ್‌ಆರ್’ ಎಂದೂ ಕೆತ್ತಿದ್ದುಂಟು. ಯುದ್ಧದ ನಂತರ ತಯಾರಿಕೆ ಪಶ್ಚಿಮ ಜರ್ಮನಿಗೆ ಹೋಯಿತು. ಈ ಬರಹ ಮುಖ್ಯವಾಗಿ 1958ರಿಂದ 1972ರವರೆಗೆ ಬಂದ ಬಿ ಮಾದರಿಯ ಬಗ್ಗೆ. 3.8 ಲಕ್ಷಕ್ಕೂ ಹೆಚ್ಚು ತಯಾರಾದ್ದರಿಂದ ಇಂದಿಗೂ ಸುಲಭವಾಗಿ ಸಿಗುವುದು ಅದೇ. ಅಂಗಡಿಯಲ್ಲಿ ಯಾರು ಬೇಕಾದರೂ ಕೊಳ್ಳಬಹುದಾಗಿದ್ದ ಸರಕು ಎಂಬುದು ಬೇಹುಗಾರನಿಗೂ ಅನುಕೂಲವೇ. ಟೈ ಪಿನ್ನಿನೊಳಗೆ ಕ್ಯಾಮೆರಾ ಸಿಕ್ಕರೆ ವಿವರಣೆ ಕೊಡಲಾಗದು, ಮಿನಾಕ್ಸ್ ಸಿಕ್ಕರೆ ಹವ್ಯಾಸ ಎನ್ನಬಹುದು.

ಬಳಕೆ ಹೀಗೆ. ಮುಚ್ಚಿದಾಗ ಸುಮಾರು 10 ಸೆಂ.ಮೀ. ಉದ್ದ, ತೂಕ 100 ಗ್ರಾಂ ಮುಟ್ಟುವುದಿಲ್ಲ. ಎರಡು ತುದಿ ಹಿಡಿದು ಎಳೆದರೆ ಲೆನ್ಸು, ವ್ಯೂಫೈಂಡರ್ ಹೊರಬರುತ್ತವೆ. ಒತ್ತಿ ಮುಚ್ಚಿ ಮತ್ತೆ ಎಳೆದರೆ ಫಿಲ್ಮ್ ಮುಂದೆ ಸರಿದು ಶಟರ್ ಸಿದ್ಧ. ಅಭ್ಯಾಸವಾದರೆ ಒಂದರ ಹಿಂದೊಂದು ಪುಟ ಸರಸರನೆ ಮುಗಿಯುತ್ತದೆ, ಸದ್ದು ಬಾಲ್‌ಪೆನ್ ಒತ್ತಿದಷ್ಟು. ಒಂದು ಎಚ್ಚರ: ಹಳೆಯ ಎ ಮಾದರಿಗಳಲ್ಲಿ ಸುಮ್ಮನೆ ತೆರೆದು ಮುಚ್ಚಿದರೂ ಫಿಲ್ಮ್ ಸರಿದು ಒಂದು ಫ್ರೇಮು ಹಾಳು. ಫಿಲ್ಮ್ ಹಾಕಿಟ್ಟು ಸ್ನೇಹಿತರಿಗೆ ತೋರಿಸುವ ಚಾಳಿ ಇದ್ದವರು ಗಮನಿಸಿ.

ಲೆನ್ಸು 15 ಮಿ.ಮೀ., ಅಪರ್ಚರ್ (ಬೆಳಕು ಒಳಬರುವ ಕಿಂಡಿ) ಎಫ್/3.5ಕ್ಕೇ ಸ್ಥಿರ. ಬೆಳಕನ್ನು ಹಿಡಿತದಲ್ಲಿಡಲು ಶಟರ್ ವೇಗವೊಂದೇ ದಾರಿ, 1/2ರಿಂದ 1/1000 ಸೆಕೆಂಡ್‌ವರೆಗೆ. ಫೋಕಸ್ 20 ಸೆಂ.ಮೀ.ನಿಂದ ಅನಂತದವರೆಗೆ. ದೂರದ ಡಯಲ್ ತಿರುಗಿಸಿದಂತೆ ವ್ಯೂಫೈಂಡರೂ ತಾನಾಗಿ ವಾಲಿ ಪ್ಯಾರಲಾಕ್ಸ್ ತಪ್ಪನ್ನು, ಅಂದರೆ ಕಣ್ಣಿಗೂ ಲೆನ್ಸಿಗೂ ಕಾಣುವುದರ ನಡುವಿನ ವ್ಯತ್ಯಾಸವನ್ನು, ಸರಿಪಡಿಸುತ್ತದೆ. ಹತ್ತಿರದ ಹಾಳೆಯ ಅಂಚು ಕತ್ತರಿಸಿಹೋಗದಿರಲು ಇದೇ ಕಾರಣ.

ಇನ್ನು ನಿಜವಾದ ಜಾಣತನ ಇರುವುದು ಕ್ಯಾಮೆರಾದಲ್ಲಲ್ಲ, ಅದರ ತುದಿಗೆ ಸಿಕ್ಕಿಸುವ ಸರಪಳಿಯಲ್ಲಿ. ನೋಡಲು ಕೀಚೈನು. ಅಲ್ಲಲ್ಲಿ ಮಣಿಗಳು. ಒಂದೊಂದು ಮಣಿಯೂ ಒಂದೊಂದು ಫೋಕಸ್ ದೂರ. ಡಯಲನ್ನು ಆ ದೂರಕ್ಕೆ ಇಟ್ಟು, ಸರಪಳಿಯನ್ನು ಬಿಗಿಯಾಗಿ ಹಿಡಿದು, ಮಣಿ ಹಾಳೆಗೆ ತಾಗಿದಾಗ ಸರಪಳಿ ಬಿಟ್ಟು ಬಟನ್ ಒತ್ತಬೇಕು. ಅಳತೆಪಟ್ಟಿಯಿಲ್ಲ, ಅಂದಾಜಿಲ್ಲ. ಹಾಳೆಯ ಗಾತ್ರಕ್ಕೆ ಯಾವ ದೂರ ಎಂಬ ಲೆಕ್ಕ ಸರಳ. 20 ಸೆಂ.ಮೀ.ನಲ್ಲಿ ಫ್ರೇಮಿನೊಳಗೆ ಬರುವುದು ಹೆಚ್ಚುಕಡಿಮೆ 13×10 ಸೆಂ.ಮೀ., ಅಂದರೆ ಒಂದು ಪೋಸ್ಟ್‌ಕಾರ್ಡಿನಷ್ಟು. 40 ಸೆಂ.ಮೀ.ನಲ್ಲಿ ಎ4 ಹಾಳೆ ಇನ್ನೇನು ಹಿಡಿಸಿತು ಎನ್ನುವಾಗ ಅಂಚು ತಪ್ಪುತ್ತದೆ. 42ರಿಂದ 45 ಸೆಂ.ಮೀ. ಇದ್ದರೆ ಪೂರ್ತಿ ಬರುತ್ತದೆ. 60ಕ್ಕೆ ಹೋದರೆ ಎರಡು ಪುಟ ಅಕ್ಕಪಕ್ಕ ಹಿಡಿಸುತ್ತವೆ, ಆದರೆ ಸಣ್ಣಕ್ಷರ ಕೈಕೊಡುತ್ತದೆ.

ಫೋಕಸ್ ತಪ್ಪಿಗೆ ಎಷ್ಟು ಮಾಫಿ? ಕಟ್ಟುನಿಟ್ಟಾಗಿ ಲೆಕ್ಕ ಹಾಕಿದರೆ 20 ಸೆಂ.ಮೀ.ನಲ್ಲಿ ಹಿಂದೆ ಮುಂದೆ ಆರಾರು ಮಿ.ಮೀ. ಮಾತ್ರ. ದಪ್ಪ ಪುಸ್ತಕದ ನಡುಪುಟ ಬಾಗಿದ್ದರೆ ಒಳಗಿನ ಸಾಲುಗಳು ಮಸುಕು. 45 ಸೆಂ.ಮೀ.ನಲ್ಲಿ ಮೂರು ಸೆಂ.ಮೀ.ಯಷ್ಟು ಸಡಿಲ ಸಿಗುತ್ತದೆ. ಆದ್ದರಿಂದ ಹತ್ತಿರ ಹೋಗಿ ತುಂಡುತುಂಡಾಗಿ ತೆಗೆಯುವುದಕ್ಕಿಂತ ದೂರ ನಿಂತು ಇಡೀ ಪುಟ ತೆಗೆಯುವುದೇ ಮೇಲು. ಹಳೆಯ ಸರಪಳಿ ಕೊಂಡರೆ ಮೊದಲು ಅಳತೆಪಟ್ಟಿ ಹಿಡಿದು ಮಣಿಗಳನ್ನು ತಾಳೆ ನೋಡಿ. ಯಾರೋ ತುಂಡಾದದ್ದನ್ನು ಬೆಸೆದು ಒಂದೆರಡು ಕೊಂಡಿ ಕಳೆದಿದ್ದರೆ ಅಳತೆಯೆಲ್ಲ ಕೆಡುತ್ತದೆ.

ಬೆಳಕಿನ ವಿಷಯದಲ್ಲಿ ಹೊಸಬರು ಎಡವುವುದು ಬೆಳಕು ಅಳೆಯುವ ಮೀಟರಿನಲ್ಲಿ. ಬಿ ಮಾದರಿಯ ಮೀಟರಿನಲ್ಲಿರುವುದು ಬೆಳಕು ಬಿದ್ದರೆ ತಾನೇ ವಿದ್ಯುತ್ ಹುಟ್ಟಿಸುವ ಸೆಲೀನಿಯಂ, ಬ್ಯಾಟರಿ ಬೇಡ. ಆದರೆ ಅದು ಬಿಳಿ ಹಾಳೆಯನ್ನು ಬೂದು ಎಂದು ತಿಳಿದು ಕಡಿಮೆ ಬೆಳಕು ಕೊಡಿಸುತ್ತದೆ. ಮುಳ್ಳು ಹೇಳಿದ್ದಕ್ಕಿಂತ ದುಪ್ಪಟ್ಟು ಸಮಯ ಕೊಡಿ. ಮೇಜಿನ ದೀಪದ ಬೆಳಕಿನಲ್ಲಿ ಐಎಸ್‌ಒ 100 ಫಿಲ್ಮಿಗೆ 1/10 ಸೆಕೆಂಡ್ ಆಸುಪಾಸು ಬರುತ್ತದೆ. ಅಷ್ಟು ಹೊತ್ತು ಕೈ ಅಲುಗದಿರಬೇಕಾದರೆ ಮೊಣಕೈ ಮೇಜಿಗೆ ಊರಬೇಕು, ಇಲ್ಲವೇ ಮಿನಾಕ್ಸ್‌ನದೇ ನಾಲ್ಕು ಕಾಲಿನ ಕಾಪಿ ಸ್ಟ್ಯಾಂಡ್ ಹುಡುಕಬೇಕು. ದೀಪ ಎರಡಿರಲಿ, ಎರಡೂ ಬದಿಯಿಂದ ಓರೆಯಾಗಿ. ಒಂದೇ ದೀಪವಾದರೆ ನಯವಾದ ಕಾಗದ ಹೊಳೆದು ಅರ್ಧ ಸಾಲು ಅಳಿಸಿಹೋಗುತ್ತದೆ.

ಫಿಲ್ಮೇ ಇಂದಿನ ದೊಡ್ಡ ತಲೆನೋವು. 9.2 ಮಿ.ಮೀ. ಅಗಲದ ಪಟ್ಟಿ ಬೇಕು. ಮಾಮೂಲಿ 35 ಎಂ.ಎಂ. ಫಿಲ್ಮಿನ ತೂತುಗಳ ನಡುವಿನ ಭಾಗದಿಂದ ಎರಡು ಪಟ್ಟಿ ಸಿಗುತ್ತವೆ. ಪೂರಾ ಕತ್ತಲಲ್ಲಿ ಸ್ಲಿಟ್ಟರ್ ಎಂಬ ಬ್ಲೇಡಿನ ಸಾಧನದಿಂದ ಸೀಳಿ, ಖಾಲಿ ಕಾರ್ಟ್ರಿಜ್‌ಗೆ (ಫಿಲ್ಮಿನ ಪುಟ್ಟ ಡಬ್ಬಿ) ಸುತ್ತಬೇಕು. 36 ಫ್ರೇಮಿಗೆ ಅರ್ಧ ಮೀಟರ್ ಸಾಕು. ಬ್ಲೇಡ್ ಮೊಂಡಾಗಿದ್ದರೆ ಅಂಚು ಸಿಬಿರೆದ್ದು ಕ್ಯಾಮೆರಾದೊಳಗೆ ಚೂರು ಉದುರುತ್ತದೆ. ಇಷ್ಟು ಸಣ್ಣ ನೆಗೆಟಿವ್‌ನಲ್ಲಿ ಒಂದು ಚೂರೆಂದರೆ ಒಂದು ಪದವೇ ಮಾಯ. ಪಟ್ಟಿ ಕೂದಲೆಳೆ ಅಗಲವಾದರೂ ಸಿಕ್ಕಿಕೊಳ್ಳುತ್ತದೆ. ಆಗ ಬಲವಂತವಾಗಿ ಎಳೆದವರ ಕ್ಯಾಮೆರಾ ನೇರ ರಿಪೇರಿಗೆ.

ಕಡಿಮೆ ಬೆಳಕಿಗೂ ಸಾಕಾಗುವ ‘ವೇಗದ’ ಫಿಲ್ಮಿನ ಆಸೆ ಬೇಡ. ಎ4 ಹಾಳೆಯ ಮೇಲಿನ 2 ಮಿ.ಮೀ. ಎತ್ತರದ ಅಕ್ಷರ ನೆಗೆಟಿವ್‌ನಲ್ಲಿ 0.07 ಮಿ.ಮೀ. ಆಗಿ ಕೂರುತ್ತದೆ. ಮಿ.ಮೀ.ಗೆ ನೂರು ಜೋಡಿ ಗೆರೆ ಬಿಡಿಸಬಲ್ಲ ನಿಧಾನದ ಫಿಲ್ಮಿನಲ್ಲಿ ಅದಕ್ಕೆ ಏಳು ಜೋಡಿ ಸಿಗುತ್ತವೆ, ಸಲೀಸಾಗಿ ಓದಬಹುದು. ಅರ್ಧದಷ್ಟೂ ಬಿಡಿಸದ ಫಿಲ್ಮಿನಲ್ಲಿ ‘ಇ’ ಮತ್ತು ‘ಈ’ ಎರಡೂ ಒಂದೇ ಚುಕ್ಕೆ. ಡೆವಲಪ್ ಮಾಡಲು ಮಿನಾಕ್ಸ್‌ನದೇ ಪುಟ್ಟ ಟ್ಯಾಂಕ್ ಸಿಕ್ಕರೆ ಬಿಡಬೇಡಿ, 60 ಮಿ.ಲೀ.ಗಿಂತ ಕಡಿಮೆ ದ್ರಾವಣ ಹಿಡಿಯುತ್ತದೆ. ನೆಗೆಟಿವನ್ನು ಡಿಜಿಟಲ್ ಕ್ಯಾಮೆರಾದಲ್ಲಿ 1:1 ಮ್ಯಾಕ್ರೊ ಲೆನ್ಸಿನಿಂದ (ಇದ್ದಷ್ಟೇ ಗಾತ್ರಕ್ಕೆ ಮೂಡಿಸುವ ಲೆನ್ಸು) ತೆಗೆದರೆ 24 ಮೆಗಾಪಿಕ್ಸೆಲ್ ಫುಲ್‌ಫ್ರೇಮ್ ಸೆನ್ಸರಿನಲ್ಲೂ ಬಳಕೆಯಾಗುವುದು ಎರಡೂವರೆ ಮೆಗಾಪಿಕ್ಸೆಲ್ ಅಷ್ಟೆ. ಅದಕ್ಕಿಂತ ಹಿಗ್ಗಿಸುವ ಲೆನ್ಸು ಬೇಕೇ ಬೇಕು.

ಕೊಳ್ಳುವಾಗ ಮೊದಲು 1/2 ಸೆಕೆಂಡಿಗಿಟ್ಟು ಒತ್ತಿ ಕೇಳಿ. ಗ್ರೀಸ್ ಒಣಗಿದ್ದರೆ ಶಟರ್ ನಡುದಾರಿಯಲ್ಲಿ ನಿಂತುಬಿಡುತ್ತದೆ. ಮೀಟರ್ ಮುಳ್ಳು ಕಿಟಕಿಯ ಬೆಳಕಿಗೂ ನೆರಳಿಗೂ ಬೇರೆ ಬೇರೆ ಜಾಗಕ್ಕೆ ಹೋಗಬೇಕು. ಸತ್ತ ಸೆಲೀನಿಯಂ ಬದುಕುವುದಿಲ್ಲ, ಆದರೆ ಮೊಬೈಲಿನ ಮೀಟರ್ ಆ್ಯಪ್ ಇರುವಾಗ ಬೆಲೆ ಇಳಿಸಲು ಅದೊಂದು ಒಳ್ಳೆಯ ನೆಪ. ಸಿ ಮಾದರಿ ಉದ್ದ, ಎಲೆಕ್ಟ್ರಾನಿಕ್ ಶಟರಿನದು. ಅದಕ್ಕೆ ಬೇಕಾದ 5.6 ವೋಲ್ಟಿನ ಮರ್ಕ್ಯುರಿ ಬ್ಯಾಟರಿ ಈಗ ತಯಾರಾಗುವುದಿಲ್ಲ, ಬದಲಿ ಹೊಂದಿಸಿಕೊಳ್ಳಬೇಕು. ವಾಕರ್ ಹೆಸರಿನ ಮೋಹಕ್ಕೆ ಸಿ ಕೊಳ್ಳುವುದಕ್ಕಿಂತ ಬಿ ಕೊಂಡು ನೆಮ್ಮದಿಯಾಗಿರಿ. ಇಸಿ ಮಾದರಿ ಈ ಕೆಲಸಕ್ಕೆ ದಂಡ, ಅದರ ಫೋಕಸ್ ಸ್ಥಿರ.

ಈ ಕ್ಯಾಮೆರಾದ ದೋಷದಿಂದ ಸಿಕ್ಕಿಬಿದ್ದ ಬೇಹುಗಾರ ಅಪರೂಪ. ವಾಕರ್‌ನ ಜೊತೆಗಾರ ಜೆರಿ ವಿಟ್‌ವರ್ತ್ ತನ್ನ ವ್ಯಾನಿನೊಳಗೆ ಕೂತು ದಾಖಲೆ ತೆಗೆಯುತ್ತಿದ್ದ. ಅವನ ಕೆಲವು ರೋಲು ಓದಲಾಗದಷ್ಟು ಮಬ್ಬಾಗಿದ್ದು ಕೆಜಿಬಿಗೆ ಕಿರಿಕಿರಿ ತಂದಿತು, ಅಷ್ಟೆ. ತೊಂದರೆಯೆಲ್ಲ ತೆಗೆದಾದ ಮೇಲಿನದು. ಸ್ವೀಡನ್ನಿನ ವಾಯುಪಡೆಯ ಕರ್ನಲ್ ಸ್ಟಿಗ್ ವೆನ್ನರ್‌ಸ್ಟ್ರಾಮ್ 1963ರಲ್ಲಿ ಸಿಕ್ಕಿಬಿದ್ದದ್ದು ಅಟ್ಟದಲ್ಲಿ ಬಚ್ಚಿಟ್ಟ ಫಿಲ್ಮು ಮನೆಗೆಲಸದಾಕೆಯ ಕಣ್ಣಿಗೆ ಬಿದ್ದು. ವಾಕರ್ 1985ರ ಮೇ ತಿಂಗಳಲ್ಲಿ ಮೇರಿಲ್ಯಾಂಡಿನ ರಸ್ತೆಬದಿಯಲ್ಲಿಟ್ಟ ಕೊನೆಯ ಪೊಟ್ಟಣದಲ್ಲಿ ಫಿಲ್ಮಿನ ಬದಲು ಕಾಗದಗಳೇ ಇದ್ದವು, ಮಗ ಕೆಲಸ ಮಾಡುತ್ತಿದ್ದ ನಿಮಿಟ್ಜ್ ಯುದ್ಧನೌಕೆಯಿಂದ ಬಂದ 129 ರಹಸ್ಯ ದಾಖಲೆ. ದಿನಸಿ ಚೀಲದೊಳಗಿನ ಆ ಕಂತೆಯನ್ನು ಎಫ್‌ಬಿಐ ಎತ್ತಿಕೊಂಡಿತು.

ಈಗಿನ ರಷ್ಯನ್ ಜಾಲಗಳ ಸಾಮಾನು ಬೇರೆಯೇ. ಇಂಗ್ಲೆಂಡಿನ ಗ್ರೇಟ್ ಯಾರ್ಮತ್‌ನ ಹಳೆಯ ಗೆಸ್ಟ್‌ಹೌಸಿನಲ್ಲಿದ್ದು ರಷ್ಯಾಕ್ಕಾಗಿ ಕೆಲಸ ಮಾಡಿ 2025ರಲ್ಲಿ ಶಿಕ್ಷೆಯಾದ ಬಲ್ಗೇರಿಯಾದ ಓರ್ಲಿನ್ ರೂಸೆವ್ ಬಳಿ ಸಿಕ್ಕಿದ್ದು 221 ಮೊಬೈಲ್, 495 ಸಿಮ್, 11 ಡ್ರೋನ್, ಜೊತೆಗೆ ಕಲ್ಲು, ಟೈ, ಮಿನಿಯನ್ ಗೊಂಬೆಯೊಳಗೆ ಅಡಗಿಸಿದ ಕ್ಯಾಮೆರಾಗಳು. ಅಷ್ಟೆಲ್ಲ ಮೊಬೈಲುಗಳಲ್ಲಿದ್ದ ಸಂದೇಶಗಳೇ ನ್ಯಾಯಾಲಯದಲ್ಲಿ ಸಾಕ್ಷಿಯಾಗಿ ನಿಂತವು. ಮಿನಾಕ್ಸ್ ಚಿತ್ರಕ್ಕೆ ತಾರೀಖಿಲ್ಲ, ಜಾಗದ ಗುರುತಿಲ್ಲ. ಸಂಶಯ ಬಂದರೆ ಕಾರ್ಟ್ರಿಜ್ ಬಿಚ್ಚಿ ಫಿಲ್ಮನ್ನು ಬೆಳಕಿಗೆ ಒಡ್ಡಿ ಹಾಳುಮಾಡಿದರಾಯಿತು.

ಸರಪಳಿ, ಚರ್ಮದ ಚೀಲ, ಕನಿಷ್ಠ ಎರಡು ಖಾಲಿ ಕಾರ್ಟ್ರಿಜ್ ಸಮೇತ ಬರುವ ಸೆಟ್ಟನ್ನೇ ಆರಿಸಿ. ಬರಿಯ ಕ್ಯಾಮೆರಾ ಅಗ್ಗಕ್ಕೆ ಸಿಕ್ಕಿತೆಂದು ಕೊಂಡವರು ಆಮೇಲೆ ಕಾರ್ಟ್ರಿಜ್‌ಗಾಗಿ ಅಲೆಯಬೇಕಾಗುತ್ತದೆ.