ಸಿಸ್ಟಮ್ ಆಫ್ ಎ ಡೌನ್: ಯಾವ ಆಲ್ಬಮ್ ಮೊದಲು ಕೇಳಬೇಕು?

ಅಮೆರಿಕದ ಈ ಮೆಟಲ್ ಬ್ಯಾಂಡನ್ನು ಮೊದಲ ಸಲ ಕೇಳುವವರಿಗೆ ನಾನು ಕೊಡುವುದು 2001ರ 'ಟಾಕ್ಸಿಸಿಟಿ' ಆಲ್ಬಮ್. ಕೂಗು ಜಾಸ್ತಿ. ಆದರೆ ನಡುವೆ ಗಾಯಕ ಸರ್ಜ್ ಟಾಂಕಿಯಾನ್ ಥಟ್ಟನೆ ಮೆತ್ತಗೆ ಹಾಡತೊಡಗುತ್ತಾರೆ, ಅಲ್ಲೇ ಮನಸ್ಸು ಸಿಕ್ಕಿಬೀಳುತ್ತದೆ. ಮೊದಲ ಹಾಡೇ ಅಮೆರಿಕದ ಜೈಲುಗಳ ಬಗ್ಗೆ. ಸಣ್ಣ ಡ್ರಗ್ಸ್ ಕೇಸಿಗೂ ಜನರನ್ನು ಒಳಗೆ ಹಾಕುವುದನ್ನು ನೇರವಾಗಿ ಪ್ರಶ್ನಿಸುತ್ತದೆ.

2005ರ 'ಮೆಜ್ಮರೈಜ್' ಬೇರೆ ಥರ. ಇಲ್ಲಿ ಗಿಟಾರಿಸ್ಟ್ ಡ್ಯಾರನ್ ಮಲಾಕಿಯಾನ್ ದನಿಯೂ ಜೋರಾಗಿದೆ, ರಾಗಗಳು ಬೇಗ ಬಾಯಿಗೆ ಬರುತ್ತವೆ. ಇರಾಕ್ ಯುದ್ಧದ ಮೇಲಿನ ಸಿಟ್ಟಿನ 'ಬಿ.ವೈ.ಒ.ಬಿ.' ಹಾಡಿಗೆ ಗ್ರ್ಯಾಮಿಯೂ ಬಂತು. ಇದರ ಜೋಡಿ 'ಹಿಪ್ನಟೈಜ್' ಕೂಡ ಅದೇ ವರ್ಷದ್ದು.

1998ರ ಮೊದಲ ಆಲ್ಬಮ್ ಒರಟು. ಆದರೆ ಆರ್ಮೇನಿಯನ್ನರ ನರಮೇಧದ ಹಾಡಿರುವುದು ಅದರ ಕೊನೆಯಲ್ಲಿ. ಬ್ಯಾಂಡಿನ ನಾಲ್ವರೂ ಆರ್ಮೇನಿಯನ್ ಮೂಲದವರು ಅಲ್ವಾ, ಆ ನೋವು ಮನೆಯದೇ. ಅದನ್ನು ಬಿಡಬೇಡಿ.