‘ನೀವು ನೀವಾಗಿರಿ ಸಾಕು’ ಅಂದರು, ನಂಬಿದೆ: ಡಾಕ್ಯುಮೆಂಟರಿಗೆ ಒಪ್ಪುವ ಮುಂಚೆ ಇದನ್ನು ಓದಿ

ಈಗಷ್ಟೇ ರಂಗಕ್ಕೆ ಬರುತ್ತಿರುವವರು ದಯವಿಟ್ಟು ಪೂರ್ತಿ ಓದಿ. ನಿಮ್ಮ ಬಗ್ಗೆ ಡಾಕ್ಯುಮೆಂಟರಿ ಮಾಡುತ್ತೇವೆ ಅಂತ ಯಾರಾದರೂ ಬಂದರೆ ಖುಷಿಯಲ್ಲಿ ತಕ್ಷಣ ಹೂಂ ಅನ್ನಬೇಡಿ. ನಾನು ಅಂದೆ.

ನಾಟಕಗಳಲ್ಲಿ ನನಗೆ ಆಗಷ್ಟೇ ಒಳ್ಳೆಯ ಪಾತ್ರಗಳು ಸಿಗಲು ಶುರುವಾಗಿದ್ದವು. ದುಡ್ಡಿನ ಮಾತು ಬರಲಿಲ್ಲ. ಇಂಥ ಚಿತ್ರಗಳಲ್ಲಿ ಕಾಣಿಸಿಕೊಳ್ಳುವವರಿಗೆ ಕೊಡದಿರುವುದೇ ಜಾಸ್ತಿ, ಅದಕ್ಕೆ ನನ್ನ ತಕರಾರಿಲ್ಲ. ಮೊದಲ ದಿನ ಕಾಲರ್ ಮೈಕ್ ಸಿಕ್ಕಿಸುತ್ತಲೇ ರಿಲೀಸ್ ಫಾರ್ಮ್ (ನಮ್ಮ ದೃಶ್ಯ, ದನಿ ಬಳಸಲು ಕೊಡುವ ಒಪ್ಪಿಗೆ ಪತ್ರ) ಮುಂದಿಟ್ಟು "ಸುಮ್ನೆ ಫಾರ್ಮಾಲಿಟಿ" ಅಂದರು. ಲೈಟ್ ಹಾಕಿಕೊಂಡು ಎಲ್ಲರೂ ಕಾಯುತ್ತಿದ್ದರು, ಸಹಿ ಹಾಕಿಬಿಟ್ಟೆ. ಯಾವ ಮಾಧ್ಯಮದಲ್ಲಾದರೂ, ಎಷ್ಟು ಕಾಲವಾದರೂ, ಹೇಗೆ ಬೇಕಾದರೂ ಎಡಿಟ್ ಮಾಡಿ ಬಳಸಬಹುದು ಅಂತ ಅದರಲ್ಲಿತ್ತು. ಒಂದು ಕಾಪಿ ಕೂಡ ಇಸಿದುಕೊಳ್ಳಲಿಲ್ಲ.

"ನನ್ನ ಪ್ರಶ್ನೆ ಚಿತ್ರದಲ್ಲಿ ಇರಲ್ಲ, ಪ್ರಶ್ನೆಯನ್ನೂ ಸೇರಿಸಿ ಉತ್ತರ ಹೇಳಿ" ಅಂದರು ನಿರ್ದೇಶಕರು. ಇದು ಎಲ್ಲರೂ ಕೇಳುವುದೇ, ಅಲ್ವಾ? ನನಗೆ ಅನುಮಾನವೇ ಬರಲಿಲ್ಲ. ನಿಮಗೆ ಕಲಿಸಿದ ಮೇಡಂ ನಿಮ್ಮನ್ನು ಬೆಳೆಯಲು ಬಿಡಲಿಲ್ವಾ ಅಂತ ಕೇಳಿದರು. ನಾನು ಹೇಳಿದ್ದು ಇಷ್ಟು: "ಮೇಡಂ ನನ್ನನ್ನು ಬೆಳೆಯಲು ಬಿಡಲಿಲ್ಲ ಅಂತ ಕೆಲವರು ಹೇಳುತ್ತಾರೆ, ಅದು ಶುದ್ಧ ಸುಳ್ಳು."

ಮೊದಲ ಪ್ರದರ್ಶನಕ್ಕೆ ಮೇಡಂ ಅವರನ್ನು ನಾನೇ ಕರೆದುಕೊಂಡು ಹೋಗಿದ್ದೆ. ನಾನೇ. ಪಕ್ಕದಲ್ಲೇ ಕೂತಿದ್ದರು. ತೆರೆಯ ಮೇಲೆ ನಾನು "ಮೇಡಂ ನನ್ನನ್ನು ಬೆಳೆಯಲು ಬಿಡಲಿಲ್ಲ" ಅಂದೆ. ಅಲ್ಲಿಗೆ ಮಾತು ಮುಗಿಯಿತು. 'ಅಂತ' ಬರಬೇಕಾದ ಜಾಗದಲ್ಲಿ ನನ್ನ ಮುಖವೇ ಇಲ್ಲ, ಕನ್ನಡಿ ಮುಂದೆ ಜಡೆ ಹೆಣೆಯುತ್ತಿರುವ ನನ್ನ ಕೈಗಳು. ಆ ಶಾಟ್ ಬೇರೆ ದಿನದ್ದು. ಅದರ ಹಿಂದೆಯೇ ನಾನು ಅಳುವ ದನಿ. ಅದು ನಮ್ಮ ಮನೆಯ ವಿಷಯಕ್ಕೆ ಗೆಳತಿಯ ಹತ್ತಿರ ಅತ್ತಿದ್ದು. ಮೈಕ್ ಇನ್ನೂ ಆನ್ ಇದೆ ಅಂತ ನನಗೆ ಯಾರೂ ಹೇಳಿರಲಿಲ್ಲ. ಮೇಡಂ ನನ್ನ ಕಡೆ ತಿರುಗಿ ಕೂಡ ನೋಡಲಿಲ್ಲ.

ಅವತ್ತು ರಾತ್ರಿಯೇ ನಿರ್ದೇಶಕರಿಗೆ ಫೋನ್ ಮಾಡಿದೆ. "ನೀವು ಆಡಿದ ಮಾತೇ ತಾನೇ, ನಾವು ಒಂದಕ್ಷರ ಸೇರಿಸಿಲ್ಲ" ಅಂದರು. ಸೇರಿಸಿಲ್ಲ ಸರ್, ತೆಗೆದಿದ್ದೀರಿ ಅಂದೆ. "ಕಥೆಗೆ ಒಂದು ಜಗಳ ಬೇಕಿತ್ತು, ಇದರಿಂದ ನಿಮಗೇ ಹೆಸರು ಬರುತ್ತೆ." ಆ ಒಂದು ವಾಕ್ಯ ತೆಗೆಯಿರಿ ಅಂತ ಬೇಡಿಕೊಂಡೆ. ಫೆಸ್ಟಿವಲ್‌ಗಳಿಗೆ ಕಳಿಸಿ ಆಗಿದೆಯಂತೆ, ಈಗ ಸೌಂಡ್ ಮಿಕ್ಸಿಂಗ್ ಮತ್ತೆ ಮಾಡಲು ಆಗಲ್ಲವಂತೆ. ಮೂರನೇ ಸಲ ಕೇಳಿದಾಗ ನನ್ನ ಸಹಿ ಇರುವ ಫಾರ್ಮಿನ ಫೋಟೋ ಕಳಿಸಿದರು. ಅದರ ಜೊತೆ ಒಂದು ಮಾತೂ ಇಲ್ಲ.

ಪಾತ್ರವಾಗಿದ್ದರೆ ಬರೆದವರ ಮಾತು ಅದು ಅನ್ನಬಹುದಿತ್ತು. ಇಲ್ಲಿ ನನ್ನ ಹೆಸರಿನ ಮುಂದೆ 'ಸ್ವತಃ' ಅಂತಿದೆ. ಯಾರ ಹತ್ತಿರ ಏನು ಹೇಳಲಿ?

ಫಾರ್ಮನ್ನು ಒಂದು ದಿನ ಮೊದಲೇ ಕೇಳಿ, ಮನೆಗೆ ತಂದು ಓದಿ. ಫೈನಲ್ ಆಗುವ ಮುಂಚೆ ರಫ್ ಕಟ್ (ಮೊದಲ ಕಚ್ಚಾ ಎಡಿಟ್) ತೋರಿಸುತ್ತೇವೆ ಅಂತ ಬರಹದಲ್ಲಿ ಕೊಡದಿದ್ದರೆ ಸಹಿ ಹಾಕಬೇಡಿ. ಬ್ರೇಕ್ ಅಂದ ತಕ್ಷಣ ಮೈಕ್ ಬಿಚ್ಚಿ ಕೊಡಿ. ನಿಮ್ಮ ಫೋನಲ್ಲೂ ರೆಕಾರ್ಡ್ ಮಾಡಿಕೊಳ್ಳಿ. ಅದು ಬೇಡ ಅಂತ ಅವರು ಅಂದರೆ ಎದ್ದು ಬನ್ನಿ. ಸುಳ್ಳು ಮಾತನ್ನು ಅಲ್ಲಗಳೆಯುವುದಕ್ಕೂ ನಿಮ್ಮ ಬಾಯಿಂದ ಪೂರ್ತಿ ಹೇಳಬೇಡಿ, ಕತ್ತರಿಸಲು ಅಷ್ಟು ಸಾಕು.

ಆ ನಿರ್ದೇಶಕರು ಮುಂದಿನ ಚಿತ್ರಕ್ಕೆ ಮತ್ತೆ ಹೊಸ ಕಲಾವಿದೆಯರನ್ನು ಹುಡುಕುತ್ತಿದ್ದಾರಂತೆ. ಹೂಂ ಅನ್ನುವ ಮುಂಚೆ ನನಗೊಂದು ಮೆಸೇಜ್ ಮಾಡಿ, ಎಷ್ಟು ಹೊತ್ತಾದರೂ ಸರಿ.